ಗೆರೆ ಇಲ್ಲದ ಬೆನ್ನು

ಆ ಊರಿನಲ್ಲಿ ಯಾರೂ ಯಾರ ಬೆನ್ನನ್ನೂ ನೋಡುವಂತಿರಲಿಲ್ಲ.

ಮಗುವಿಗೆ ಹನ್ನೆರಡು ತುಂಬಿದ ದಿನ ಹೆಗಲಿನಿಂದ ಸೊಂಟದವರೆಗೆ ದಪ್ಪನೆಯ ಕಪ್ಪು ಬಟ್ಟೆ ಹೊದಿಸಿ ಏಳು ಗಂಟು ಬಿಗಿಯುತ್ತಿದ್ದರು. ಅದಕ್ಕೆ ಬೆನ್ಬಟ್ಟೆ ಎಂದು ಹೆಸರು. ಅಂದಿನಿಂದ ಆ ಬೆನ್ನು ಹೆತ್ತ ತಾಯಿಗೂ ಕಾಣುವಂತಿಲ್ಲ, ಮುಂದೆ ಕೈಹಿಡಿಯುವ ಗಂಡನಿಗಾಗಲಿ ಹೆಂಡತಿಗಾಗಲಿ ಕಾಣುವಂತಿಲ್ಲ. ಸ್ನಾನ ಒಬ್ಬೊಬ್ಬರೇ ಮಾಡಬೇಕು. ಮಲಗುವಾಗಲೂ ಗಂಟು ಬಿಚ್ಚಬಾರದು. ಬೀದಿಯಲ್ಲಿ ಮಾತಾಡಿ ಬೀಳ್ಕೊಳ್ಳುವವರು ಏಳು ಹೆಜ್ಜೆ ಹಿಂದಕ್ಕೆ ಇಟ್ಟು, ಗೋಡೆಗೆ ಒತ್ತಿ ನಿಂತು, ಎದುರಿನವರು ಮರೆಯಾದ ಮೇಲೆ ಹೊರಡಬೇಕು. ಬೆನ್ನು ಕಂಡರೆ ಊರಿಗೆ ಕೇಡು ಎಂದು ಹಿಂದಿನವರು ಹೇಳಿದ್ದರಂತೆ. ಯಾವ ಹಿಂದಿನವರು, ಯಾವಾಗ ಹೇಳಿದರು ಎಂದು ಕೇಳಿದವರಿಲ್ಲ. ಹಾಗೆ ನಡೆದು ಬಂದಿತ್ತು.

ಊರ ನಡುವೆ ತಂಪಿನ ಮನೆ ಇತ್ತು. ಬೆನ್ಬಟ್ಟೆ ಕಟ್ಟಿಕೊಂಡ ಪ್ರತಿಯೊಬ್ಬರಿಗೂ ವರ್ಷಕ್ಕೊಮ್ಮೆ ಅಲ್ಲಿಂದ ಕರೆ ಬರುತ್ತಿತ್ತು. ದಿನಕ್ಕೊಬ್ಬರು, ಒಂದು ಮನೆಯವರು ಮುಗಿದ ಮೇಲೆ ಪಕ್ಕದ ಮನೆಯವರು. ಬೆಳಗ್ಗೆ ಹೋದವರು ಬಿಸಿಲು ನೆತ್ತಿಗೇರುವ ಮೊದಲು ಹಿಂತಿರುಗುತ್ತಿದ್ದರು. ಏನು ಮಾಡಿ ಬಂದಿರಿ ಎಂದರೆ ಎಲ್ಲರದೂ ಒಂದೇ ಉತ್ತರ: "ಪಾನಕ ಕುಡಿದು ಬಂದೆ. ತಂಪಾಗಿತ್ತು." ಮರುದಿನ ಅವರೇ ಇನ್ನೊಮ್ಮೆ ಹೋಗಿಬರುತ್ತಿದ್ದರು. ಅದಕ್ಕೆ ಎರಡನೆಯ ಲೋಟ ಎನ್ನುತ್ತಿದ್ದರು.

ಇಡೀ ಊರಿನಲ್ಲಿ ಕರೆ ಬಾರದೆ ಇದ್ದದ್ದು ಒಬ್ಬಳಿಗೆ. ಅವಳು ಹೆಣ ತೊಳೆಯುವವಳು. ಹೊಳೆಯ ದಂಡೆಯಲ್ಲಿ ಅವಳ ಗುಡಿಸಲು, ಗುಡಿಸಲಿನ ಮುಂದೆ ಕಲ್ಲುಚಪ್ಪಡಿ. ಸತ್ತವರನ್ನು ಅಲ್ಲಿಗೆ ತಂದು ಮಲಗಿಸಿ ಊರವರು ಹಿಮ್ಮೆಟ್ಟುತ್ತಿದ್ದರು. ಏಳು ಗಂಟು ಬಿಚ್ಚಿ, ಬೆನ್ನು ತೊಳೆದು, ಹೊಸ ಬಟ್ಟೆ ಹೊದಿಸಿ, ಮತ್ತೆ ಏಳು ಗಂಟು ಹಾಕಿ ಮಣ್ಣಿಗೆ ಕಳಿಸುವುದು ಅವಳ ಕೆಲಸ. ಅವಳ ತಾಯಿಯ ಕೆಲಸವೂ ಅದೇ ಆಗಿತ್ತು. ಸತ್ತವರ ಬೆನ್ನನ್ನು ಅವಳು ನೋಡಬಹುದು, ಆದರೆ ಬಾಯಿ ಬಿಡಬಾರದು.

ಚಿಕ್ಕವಳಿದ್ದಾಗ ಅವಳು ತಾಯಿಯನ್ನು ಕೇಳಿದ್ದಳು, "ನಮಗೆ ಯಾಕೆ ಪಾನಕ ಕೊಡುವುದಿಲ್ಲ?" ತಾಯಿ ಬೆಲ್ಲ ಕದಡಿದ ನೀರು ಕೊಟ್ಟು, "ಇದೇ ಅಂದುಕೋ" ಎಂದಿದ್ದಳು. "ಹೆಣ ಮುಟ್ಟಿದ ಕೈಗೆ ಆ ಲೋಟ ಕೊಡುವುದಿಲ್ಲ, ಮಗಳೆ."

ಮೊದಲ ಬಾರಿ ಹೆಣ ಮಗ್ಗುಲು ತಿರುಗಿಸಿದಾಗ ಬೆನ್ನಿನ ತುಂಬ ಗೆರೆಗಳನ್ನು ಕಂಡು ಅವಳು ಹಿಂದೆ ಸರಿದಿದ್ದಳು. ಕೆಲವು ಹಳೆಯವು, ಬಿಳಿಚಿಕೊಂಡವು. ಕೆಲವು ಹೊಸವು, ಬೆರಳಿನಷ್ಟು ದಪ್ಪ ಉಬ್ಬಿದವು. ತಾಯಿ ಹೇಳಿದಳು, "ಹೆದರಬೇಡ. ಅಂಗೈಯಲ್ಲಿ ಗೆರೆ ಇರುವುದಿಲ್ಲವೆ? ಬೆನ್ನಿಗೂ ಬರುತ್ತದೆ. ಮಕ್ಕಳಿಗೆ ಇರುವುದಿಲ್ಲ. ವಯಸ್ಸಿಗೆ ಬಂದ ಮೇಲೆ ಮೀಸೆ ಬಂದ ಹಾಗೆ ಬರುತ್ತದೆ."

"ನನಗೂ ಬರುತ್ತದೆಯೆ?"

ತಾಯಿ ಸ್ವಲ್ಪ ಹೊತ್ತು ನೀರು ಎರೆಯುತ್ತಲೇ ಇದ್ದಳು. "ನಮ್ಮಂಥವರಿಗೆ ಬರುವುದಿಲ್ಲ. ಗೆರೆ ಬರುವುದು ಮನುಷ್ಯರಿಗೆ."

ಆ ಮಾತು ಅವಳ ಎದೆಯಲ್ಲಿ ಕೂತುಬಿಟ್ಟಿತು. ಹನ್ನೆರಡು ತುಂಬಿತು, ಇಪ್ಪತ್ತು ತುಂಬಿತು, ನಲವತ್ತು ದಾಟಿತು. ಸ್ನಾನ ಮಾಡುವಾಗಲೆಲ್ಲ ಅವಳು ಕೈ ಹಿಂದಕ್ಕೆ ಹಾಕಿ ತನ್ನ ಬೆನ್ನು ಸವರಿಕೊಳ್ಳುತ್ತಿದ್ದಳು. ನುಣುಪಾಗಿತ್ತು. ಪ್ರತಿ ಸಲವೂ ನುಣುಪಾಗಿತ್ತು. ಪ್ರತಿ ಸಲವೂ ನಾಚಿಕೆಯಿಂದ ಗಂಟು ಬಿಗಿದುಕೊಳ್ಳುತ್ತಿದ್ದಳು. ತಾನು ಪೂರ್ತಿ ಮನುಷ್ಯಳಲ್ಲ ಎಂಬುದಕ್ಕೆ ಅವಳಿಗೆ ಬೇರೆ ಸಾಕ್ಷಿ ಬೇಕಿರಲಿಲ್ಲ.

ತಾಯಿ ಸತ್ತಾಗ ಅವಳನ್ನು ತೊಳೆಯುವ ಹಾಗಿರಲಿಲ್ಲ. ತೊಳೆಯುವವಳ ಮೈಯನ್ನು ಯಾರೂ ತೊಳೆಯಬಾರದು, ಉಟ್ಟ ಬಟ್ಟೆಯಲ್ಲೇ ಹೊಳೆಗೆ ಬಿಡಬೇಕು ಎಂಬುದು ಕಟ್ಟಳೆ. ಹಾಗೇ ಬಿಟ್ಟಿದ್ದರು.

ಅಂದಿನಿಂದ ಚಪ್ಪಡಿ ಅವಳದಾಯಿತು. ಇನ್ನೂರಕ್ಕೂ ಹೆಚ್ಚು ಬೆನ್ನುಗಳನ್ನು ಅವಳು ತೊಳೆದಳು. ಒಂದೊಂದು ಗೆರೆಯ ಮೇಲೂ ಅರಿಶಿನದ ಬೆರಳು ಎಳೆದು, "ಇದು ನಿನ್ನದು, ತೆಗೆದುಕೊಂಡು ಹೋಗು" ಎನ್ನುತ್ತಿದ್ದಳು. ಮುಂದಿನ ಗೆರೆಗೆ ಮತ್ತೆ, "ಇದು ನಿನ್ನದು, ತೆಗೆದುಕೊಂಡು ಹೋಗು." ತಾಯಿ ಕಲಿಸಿಕೊಟ್ಟಿದ್ದು ಹಾಗೆ. ಮುದುಕರ ಬೆನ್ನು ಮುಗಿಯುವಷ್ಟರಲ್ಲಿ ಅವಳ ನಾಲಿಗೆ ಒಣಗುತ್ತಿತ್ತು.

ಒಂದು ಬೆಳಗ್ಗೆ ಗಡಿ ಕಾಯುವವರಿಬ್ಬರು ಒಂದು ಹೆಣ ತಂದು ಚಪ್ಪಡಿಯ ಮೇಲೆ ಮಲಗಿಸಿದರು. ತಲೆ ಪೂರ್ತಿ ನರೆತ ಮುದುಕಿ. ಒಣಗಿದ ಮೈ, ಕಾಲಿನ ಮೀನಖಂಡ ಮಾತ್ರ ಕಲ್ಲಿನಂತೆ ಗಟ್ಟಿ. ಬಹಳ ನಡೆದವಳ ಕಾಲು.

"ಪರಸ್ಥಳದವಳು," ಎಂದ ಒಬ್ಬ. "ಗಡಿಯ ಆಲದ ಮರದ ಬುಡದಲ್ಲಿ ಕೂತ ಹಾಗೇ ಹೋಗಿದ್ದಳು. ಬೆನ್ಬಟ್ಟೆ ಇರಲಿಲ್ಲ; ಬೆನ್ನು ಮರಕ್ಕೆ ಆನಿಸಿಕೊಂಡಿದ್ದಳು, ಸದ್ಯ. ಮೇಲೆ ಒಂದು ಚೀಲ ಹೊದಿಸಿಯೇ ಎತ್ತಿದೆವು. ನಾವು ಏನೂ ನೋಡಿಲ್ಲ."

"ಬೇಗ ತೊಳೆದು ಕಳಿಸು," ಎಂದ ಇನ್ನೊಬ್ಬ. ಇಬ್ಬರೂ ಏಳು ಹೆಜ್ಜೆ ಹಿಂದಕ್ಕೆ ಇಟ್ಟು ಹೊರಟುಹೋದರು.

ಅವಳು ನೀರು ಕಾಯಿಸಿದಳು. ಮುಖ ತೊಳೆದಳು, ಕೈ ತೊಳೆದಳು, ಕಾಲು ತೊಳೆದಳು. ಕೊನೆಗೆ ಅರಿಶಿನದ ಬಟ್ಟಲು ಹತ್ತಿರ ಇಟ್ಟುಕೊಂಡು ಮುದುಕಿಯನ್ನು ಬೋರಲು ಮಲಗಿಸಿ ಚೀಲ ಸರಿಸಿದಳು.

ಅರಿಶಿನದ ಬೆರಳು ಗಾಳಿಯಲ್ಲೇ ನಿಂತಿತು.

ಬೆನ್ನಿನ ಮೇಲೆ ಏನೂ ಇರಲಿಲ್ಲ. ಮುದಿತನದ ಸುಕ್ಕು ಇತ್ತು, ಎಡ ಹೆಗಲ ಕೆಳಗೆ ಕಾಳಿನಷ್ಟು ಒಂದು ಮಚ್ಚೆ ಇತ್ತು. ಗೆರೆ ಇರಲಿಲ್ಲ. ಅವಳು ನೀರು ಸುರಿದು ಒರೆಸಿ ನೋಡಿದಳು. ಬಿಸಿಲಿಗೆ ತಿರುಗಿಸಿ ನೋಡಿದಳು. ಕತ್ತಿನಿಂದ ಸೊಂಟದವರೆಗೆ ಅಂಗೈಯಲ್ಲಿ ಸವರಿ ನೋಡಿದಳು.

ಇವಳೂ ನನ್ನ ಹಾಗೆ ಹೆಣ ತೊಳೆಯುವವಳಿರಬೇಕು ಎಂದುಕೊಂಡಳು. ಮುದುಕಿಯ ಕೈ ಎತ್ತಿ ನೋಡಿದಳು. ಹೆಣ ತೊಳೆಯುವವರ ಉಗುರು ನೀರಿಗೆ ಸವೆದು ಬೆಳ್ಳಗಾಗಿರುತ್ತದೆ. ಈ ಉಗುರು ಹಾಗಿರಲಿಲ್ಲ. ಬೆರಳಿನ ಸಂದಿಯಲ್ಲಿ ಸೀಮೆಸುಣ್ಣದ ಬಿಳಿ ಕೂತಿತ್ತು, ಎಷ್ಟು ತಿಕ್ಕಿದರೂ ಹೋಗಿರಲಿಲ್ಲ.

ಅಷ್ಟರಲ್ಲಿ ಹೊಳೆಯ ಕಡೆಯಿಂದ ಒಬ್ಬ ಹೆಂಗಸು ಬಂದಳು. ನಡುವಯಸ್ಸು, ಧೂಳು ತುಂಬಿದ ಕಾಲು. ಬೆನ್ಬಟ್ಟೆ ಇರಲಿಲ್ಲ. ಅವಳು ಹೆಣದ ಕಡೆ ನೋಡಿ, ನಿಧಾನವಾಗಿ ಬಂದು ಅದರ ತಲೆಯ ಹತ್ತಿರ ಕೂತಳು. ಹಾಗೆ ಕೂರುವಾಗ ಅವಳ ಬೆನ್ನು ಈ ಕಡೆಗಾಯಿತು. ಹೆಣ ತೊಳೆಯುವವಳು ಥಟ್ಟನೆ ಗುಡಿಸಲಿನ ಗೋಡೆಗೆ ಮುಖ ಮಾಡಿದಳು.

"ಇವಳು ನನ್ನ ಅವ್ವ," ಎಂದಳು ಬಂದವಳು. "ನನಗಿಂತ ಒಂದು ದಿನ ಮುಂದೆ ನಡೆಯುತ್ತಿದ್ದಳು. ಯಾವಾಗಲೂ ಮುಂದೆ. ನೀವು ಯಾಕೆ ಆ ಕಡೆ ತಿರುಗಿದಿರಿ?"

"ನಿಮ್ಮ ಬೆನ್ನು ಕಾಣುತ್ತಿದೆ."

"ಕಂಡರೆ ಏನು?"

ಹೆಣ ತೊಳೆಯುವವಳು ಗೋಡೆಗೆ ಮುಖ ಮಾಡಿಯೇ ಕೇಳಿದಳು, "ನಿಮ್ಮ ಅವ್ವ ಹೆಣ ತೊಳೆಯುತ್ತಿದ್ದಳೆ?"

"ಇಲ್ಲ. ಮಕ್ಕಳಿಗೆ ಅಕ್ಷರ ಕಲಿಸುತ್ತಿದ್ದಳು."

"ಹಾಗಾದರೆ ಇವಳ ಬೆನ್ನಿನ ಮೇಲೆ ಗೆರೆ ಯಾಕಿಲ್ಲ?"

ತಾಯಿಯ ಒದ್ದೆ ಕೂದಲನ್ನು ಬೆರಳಲ್ಲಿ ಬಿಡಿಸುತ್ತ ಮಗಳು ಕೇಳಿದಳು, "ಈ ಊರಿನಲ್ಲಿ ಎಲ್ಲರಿಗೂ ಇದೆಯೆ?"

"ಮಕ್ಕಳನ್ನು ಬಿಟ್ಟು ಎಲ್ಲರಿಗೂ. ಇನ್ನೂರು ಬೆನ್ನು ತೊಳೆದಿದ್ದೇನೆ. ಎಲ್ಲರಿಗೂ."

"ಅದು ತಾನಾಗಿ ಬರುವ ಗೆರೆ ಅಲ್ಲ, ಅಕ್ಕ. ಬೆತ್ತದಿಂದ ಹೊಡೆದರೆ ಬರುತ್ತದೆ. ನಮ್ಮ ಊರಿನಲ್ಲೂ ಅಂಥ ಒಂದು ಮನೆ ಇತ್ತು. ನನ್ನ ಅಜ್ಜಿಯ ಬೆನ್ನು ತುಂಬ ಇತ್ತು. ಅವ್ವನಿಗೆ ಹನ್ನೆರಡು ತುಂಬುವ ಮೊದಲೇ ಆ ಮನೆ ಮುಚ್ಚಿಸಿದರು."

"ನಮ್ಮಲ್ಲಿ ಹೊಡೆಯುವುದಿಲ್ಲ," ಎಂದಳು ಹೆಣ ತೊಳೆಯುವವಳು. "ನಮ್ಮಲ್ಲಿ ಪಾನಕ ಕೊಡುತ್ತಾರೆ."

ಹೇಳಿದ ಮೇಲೆ ಆ ಮಾತು ಅವಳ ಕಿವಿಗೇ ಬೇರೆ ಯಾರೋ ಹೇಳಿದಂತೆ ಕೇಳಿಸಿತು. ಅವಳು ಕೈ ತೊಳೆದುಕೊಂಡು, ಗೋಡೆಯ ಮಗ್ಗುಲಲ್ಲೇ ನಡೆದು ನೇಕಾರನ ಮನೆಗೆ ಹೋದಳು.

ನೇಕಾರ ಊರಿಗೆಲ್ಲ ಬೆನ್ಬಟ್ಟೆ ನೇಯುವವನು. ಗುಡಿಸಲಿಗೆ ಹತ್ತಿರದ ಮನೆ ಅವನದೇ. ಅವನ ಹೆಂಡತಿ ಹೋದ ವರ್ಷ ಕಣ್ಣು ಮುಚ್ಚಿದ್ದಳು, ಇವಳೇ ತೊಳೆದಿದ್ದಳು. ಮೂವತ್ತು ವರ್ಷ ಸಂಸಾರ ಮಾಡಿದವರು. ಆಮೇಲೆ ಅವನು ಯಾರೊಂದಿಗೂ ಹೆಚ್ಚು ಮಾತಾಡುತ್ತಿರಲಿಲ್ಲ, ಮಗ್ಗದ ಸದ್ದೇ ಅವನ ಮಾತಾಗಿತ್ತು.

"ಅಣ್ಣ, ಒಂದು ಮಾತು," ಎಂದಳು ಬಾಗಿಲಲ್ಲಿ ನಿಂತು. "ತಂಪಿನ ಮನೆಯಲ್ಲಿ ಏನು ಕೊಡುತ್ತಾರೆ?"

"ಪಾನಕ," ಎಂದ ಅವನು, ಮಗ್ಗ ನಿಲ್ಲಿಸದೆ. "ತಂಪಾಗಿರುತ್ತದೆ."

"ನಿನ್ನ ಬೆನ್ನಿನ ಮೇಲೆ ಗೆರೆ ಇದೆಯೆ?"

ಮಗ್ಗ ನಿಂತಿತು. "ಯಾರು ಹೇಳಿದರು ನಿನಗೆ? ಯಾರಿಗೂ ಹೇಳುವುದಿಲ್ಲ ಎಂದು ತಂಪಿನ ಮನೆಯ ಹಿರಿಯ ಮಾತು ಕೊಟ್ಟಿದ್ದ. ನಾನೊಬ್ಬ ಪಾಪಿ ಎಂದು ಈ ಊರಿಗೆ ಗೊತ್ತಾದರೆ ನನ್ನ ಕೈಯ ಬಟ್ಟೆ ಯಾರು ಉಡುತ್ತಾರೆ?"

"ನೀನೊಬ್ಬ ಅಲ್ಲ."

"ನಾನೊಬ್ಬನೇ. ಈ ಊರಿಗೆಲ್ಲ ನಾನೊಬ್ಬನೇ. ಉಳಿದವರೆಲ್ಲ ಪಾನಕ ಕುಡಿದು ಬರುತ್ತಾರೆ. ನನ್ನ ತಪ್ಪು ದೊಡ್ಡದು, ಅದಕ್ಕೇ ನನಗೆ ಮಾತ್ರ ಒಳಗಿನ ಕೋಣೆ. ಪ್ರತಿ ವರ್ಷ ಹಿರಿಯ ಕಿವಿಯಲ್ಲಿ ಹೇಳುತ್ತಾನೆ: ನಿನ್ನ ಮರ್ಯಾದೆ ನಾನು ಕಾಯುತ್ತೇನೆ, ಹೊರಗೆ ಹೋಗಿ ಪಾನಕ ಕುಡಿದೆ ಅನ್ನು."

"ಏನು ತಪ್ಪು ಮಾಡಿದ್ದೆ?"

"ಅದನ್ನು ಅವರು ಹೇಳಿಲ್ಲ. ನನಗೇ ಗೊತ್ತಿರಬೇಕು ಅಂದರು."

ಹೆಣ ತೊಳೆಯುವವಳು ಹೊಸ್ತಿಲಲ್ಲೇ ಕೂತುಬಿಟ್ಟಳು. ಸತ್ತವರ ಬೆನ್ನಿನ ಬಗ್ಗೆ ಬಾಯಿ ಬಿಡಬಾರದು ಎಂಬ ಕಟ್ಟಳೆಯನ್ನು ಅವಳು ಅದುವರೆಗೆ ಮುರಿದವಳಲ್ಲ. "ಅಣ್ಣ," ಎಂದಳು, "ನಿನ್ನ ಹೆಂಡತಿಯ ಬೆನ್ನು ನಾನು ತೊಳೆದೆ. ಅವಳಿಗೂ ಇತ್ತು. ಹೆಗಲಿನಿಂದ ಸೊಂಟದವರೆಗೆ, ಬೆರಳಿಡಲು ಜಾಗ ಇರಲಿಲ್ಲ."

ಅವನು ಅವಳನ್ನೇ ನೋಡಿದ.

"ಅವಳಿಗೂ?"

"ಅವಳಿಗೂ."

"ಅವಳು ಮಗ್ಗುಲಾಗಿ ಮಲಗುತ್ತಿದ್ದಳು," ಎಂದ. "ಮೂವತ್ತು ವರ್ಷ. ನಾನೂ ಮಗ್ಗುಲಾಗಿ ಮಲಗುತ್ತಿದ್ದೆ. ನನಗೆ ಸೊಂಟ ನೋವು ಎಂದು ಅವಳಿಗೆ ಹೇಳಿದ್ದೆ. ಅವಳು ಅದೇ ಮಾತು ನನಗೆ ಹೇಳಿದ್ದಳು."

ಅವನು ಎದ್ದು ನಿಂತ, ಮತ್ತೆ ಕೂತ. ಏನನ್ನೋ ಲೆಕ್ಕ ಹಾಕುವವನಂತೆ ಅವನ ತುಟಿ ಆಡುತ್ತಿತ್ತು. ಆಮೇಲೆ ಬಹಳ ಮೆಲ್ಲಗೆ ಕೇಳಿದ, "ಎರಡನೆಯ ಲೋಟ ಏನು ಎಂದು ನಿನಗೆ ಗೊತ್ತೆ?"

"ಗೊತ್ತಿಲ್ಲ."

"ಹೊಡೆಸಿಕೊಂಡವನು ಮರುದಿನ ಮತ್ತೆ ಹೋಗಬೇಕು. ಅದೇ ಕತ್ತಲೆ ಕೋಣೆ. ನನ್ನ ಕೈಗೆ ಬೆತ್ತ ಕೊಡುತ್ತಾರೆ. ಮುಂದೆ ಯಾರೋ ಮಂಡಿಯೂರಿ ಕೂತಿರುತ್ತಾರೆ, ಬಾಯಿ ಕಟ್ಟಿರುತ್ತಾರೆ, ಮುಖ ಕಾಣುವುದಿಲ್ಲ. ಹಿರಿಯ ಹೇಳುತ್ತಾನೆ: ಇದು ದೂರದ ಊರಿನ ಪಾಪಿ, ನಿನಗೆ ಸಂಬಂಧವಿಲ್ಲದವರು, ಹೊಡೆ; ನಿನ್ನ ಪಾಪ ಅರ್ಧ ಇಳಿಯುತ್ತದೆ." ಅವನು ಬಲಗೈಯನ್ನು ಮಗ್ಗದಿಂದ ತೆಗೆದ. "ನಾನು ಹೊಡೆದಿದ್ದೇನೆ, ಅಕ್ಕ. ದೂರದ ಊರಿನವರು ಎಂದುಕೊಂಡು ಪ್ರತಿ ವರ್ಷ ಹೊಡೆದಿದ್ದೇನೆ."

ಅವಳಿಗೆ ಇನ್ನೂ ಅರ್ಥವಾಗಿರಲಿಲ್ಲ.

"ನನ್ನ ಸರದಿಯ ಮರುದಿನ ಅವಳ ಸರದಿ," ಎಂದ ನೇಕಾರ. "ನಾನು ಎರಡನೆಯ ಲೋಟ ಮುಗಿಸಿ ಮನೆಗೆ ಬಂದಾಗ ಅವಳು ಇನ್ನೂ ಬಂದಿರುತ್ತಿರಲಿಲ್ಲ. ಸ್ವಲ್ಪ ಹೊತ್ತಿಗೆ ಬರುತ್ತಿದ್ದಳು. ಪಾನಕ ಹೇಗಿತ್ತು ಎಂದು ಕೇಳುತ್ತಿದ್ದೆ. ತಂಪಾಗಿತ್ತು ಎನ್ನುತ್ತಿದ್ದಳು."

ಆಮೇಲೆ ಅವನು ಅಳಲಿಲ್ಲ. ತನ್ನ ಬಲಗೈಯನ್ನು ತೊಡೆಯ ಮೇಲೆ ಇಟ್ಟುಕೊಂಡು, ಅದು ತನ್ನದಲ್ಲವೆಂಬಂತೆ ನೋಡುತ್ತ ಕೂತ.

ಹೆಣ ತೊಳೆಯುವವಳು ಗುಡಿಸಲಿಗೆ ಹೇಗೆ ಬಂದಳೋ ಅವಳಿಗೇ ತಿಳಿಯಲಿಲ್ಲ. ಇನ್ನೂರು ಬೆನ್ನುಗಳು ಅವಳ ಕಣ್ಣಿನ ಮುಂದೆ ಒಂದರ ಪಕ್ಕ ಒಂದು ಮಲಗಿದ್ದವು. ಅವುಗಳ ಮೇಲೆಲ್ಲ ಅವಳ ಅರಿಶಿನದ ಬೆರಳು ಓಡಿತ್ತು. ಇದು ನಿನ್ನದು, ತೆಗೆದುಕೊಂಡು ಹೋಗು. ಇದು ನಿನ್ನದು. ಯಾವುದೂ ಅವರದಾಗಿರಲಿಲ್ಲ. ಆ ಗೆರೆಗಾಗಿ ತಾನು ಹೊಟ್ಟೆಕಿಚ್ಚು ಪಟ್ಟಿದ್ದು ನೆನಪಾಗಿ ಅವಳು ಹೊಳೆಯ ದಂಡೆಯಲ್ಲಿ ಕೂತು ಅರಿಶಿನದ ಬೆರಳನ್ನು ಮರಳಿನಿಂದ ಉಜ್ಜತೊಡಗಿದಳು. ಅವಳನ್ನು ಕರೆಯದೆ ಬಿಟ್ಟದ್ದು ಅವಳ ಕೈ ಹೆಣ ಮುಟ್ಟಿದ್ದಕ್ಕಲ್ಲ. ಅವಳ ಬೆನ್ನಿಗೆ ಒಂದೇ ಒಂದು ಏಟು ಬಿದ್ದಿದ್ದರೂ ಅವಳಿಗೆ ಎಲ್ಲ ತಿಳಿದುಬಿಡುತ್ತಿತ್ತು.

ಮುದುಕಿಯ ಮಗಳು ಅವಳ ಕೈ ಹಿಡಿದುಕೊಂಡಳು. ಕುಡಿಯಲು ನೀರು ಕೊಟ್ಟಳು. "ಅವ್ವ ಇದಕ್ಕಾಗಿಯೇ ಹೊರಡುತ್ತಿದ್ದಳು," ಎಂದಳು. "ಊರೂರಿಗೆ ನಡೆದು ಹೋಗಿ ಸಂತೆ ಕಟ್ಟೆಯಲ್ಲಿ ಬೆನ್ನು ತೋರಿಸುತ್ತಿದ್ದಳು. ಬೆನ್ನು ಹೀಗೂ ಇರಬಹುದು, ನೋಡಿ, ಎನ್ನುತ್ತಿದ್ದಳು. ಕೆಲವು ಊರಿನಲ್ಲಿ ಕಲ್ಲು ಹೊಡೆದರು. ಕೆಲವು ಊರಿನಲ್ಲಿ ನೀರು ಕೊಟ್ಟರು."

"ನಿಮ್ಮ ಅವ್ವನನ್ನು ಊರೊಳಗಿಂದ ಒಯ್ಯಬೇಕು," ಎಂದಳು ಹೆಣ ತೊಳೆಯುವವಳು. "ಬೋರಲಾಗಿ. ಬಟ್ಟೆ ಹೊದಿಸದೆ. ನಿಮಗೆ ಒಪ್ಪಿಗೆ ಇದ್ದರೆ ಮಾತ್ರ."

ಮಗಳು ತಾಯಿಯ ಬೆನ್ನಿನ ಆ ಪುಟ್ಟ ಮಚ್ಚೆಯ ಮೇಲೆ ಕೈ ಇಟ್ಟು ಸ್ವಲ್ಪ ಹೊತ್ತು ಕೂತಳು. "ಅವಳು ಅದಕ್ಕೇ ಬಂದಿದ್ದಳು," ಎಂದಳು.

ಹೊತ್ತು ಇಳಿಯುವಾಗ ಹೆಣದ ಗಾಡಿ ಊರೊಳಗೆ ಬಂತು. ಮಗ್ಗ ಬಿಟ್ಟು ಬಂದಿದ್ದ ನೇಕಾರ ಮುಂದೆ ಎಳೆಯುತ್ತಿದ್ದ, ಹೆಂಗಸರಿಬ್ಬರು ಹಿಂದಿನಿಂದ ನೂಕುತ್ತಿದ್ದರು. ಗಾಡಿಯ ಮೇಲೆ ಮುದುಕಿ ಬೋರಲಾಗಿ ಮಲಗಿದ್ದಳು. ಸೊಂಟದ ಕೆಳಗೆ ಬಿಳಿ ಬಟ್ಟೆ, ಮೇಲೆ ಬಿಸಿಲು.

ಮೊದಲ ಬೀದಿಯವರು ಗೋಡೆಗೆ ಮುಖ ಮಾಡಿದರು. ಎರಡನೆಯ ಬೀದಿಯವರು ಕಣ್ಣು ಮುಚ್ಚಿದರು. ಕುಂಬಾರಗಿತ್ತಿಯೊಬ್ಬಳು ಎರಡೂ ಅಂಗೈಯಿಂದ ಮುಖ ಒತ್ತಿ ಹಿಡಿದು ನೆಲಕ್ಕೆ ಕುಸಿದಳು. ಚಕ್ರದ ಕಿರುಗುಟ್ಟುವ ಸದ್ದು ಬಿಟ್ಟರೆ ಬೇರೆ ಸದ್ದಿಲ್ಲ. ಗಾಡಿ ಬಾವಿಯ ಕಟ್ಟೆ ದಾಟಿತು, ಗಾಣದ ಮನೆ ದಾಟಿತು. ಬಡಗಿಯ ಅಂಗಳದ ಮುಂದೆ ಬಂದಾಗ ಹಣ್ಣು ಮುದುಕನಾಗಿದ್ದ ಬಡಗಿ ಕಣ್ಣು ತೆರೆದ. ಅವನು ನೋಡಿದ. ಹತ್ತಿರ ಬಂದು ನೋಡಿದ.

"ಇದು ಎಷ್ಟು ವರ್ಷದವಳ ಬೆನ್ನು?"

"ಎಪ್ಪತ್ತು ದಾಟಿತ್ತು," ಎಂದಳು ಮಗಳು.

"ಹಾಗಾದರೆ ಗೆರೆ ಎಲ್ಲಿ?"

ಕೇಳಿದ ಮೇಲೆ ಬಡಗಿ ಮರದ ಹಾಗೆ ನಿಂತುಬಿಟ್ಟ. ತಾನು ಏನು ಕೇಳಿದೆ ಎಂಬುದು ಅವನಿಗೆ ಆಗ ತಿಳಿಯಿತು. ಬೀದಿಗೆಲ್ಲ ಕೇಳಿಸಿತ್ತು. ಪಕ್ಕದ ಮನೆಯ ಜಗಲಿಯಿಂದ ಅವನ ತಮ್ಮ ಕಣ್ಣು ತೆರೆದು ಕೇಳಿದ, "ಅಣ್ಣ, ಗೆರೆ ಎಂದರೆ ಏನು ಎಂದು ನಿನಗೆ ಹೇಗೆ ಗೊತ್ತು?"

ಬಡಗಿ ತಮ್ಮನ ಕಡೆ ತಿರುಗಿದ. "ನಿನಗೆ ಹೇಗೆ ಗೊತ್ತು?"

ಅಣ್ಣ ತಮ್ಮ ಒಬ್ಬರನ್ನೊಬ್ಬರು ನೋಡುತ್ತ ನಿಂತರು. ಗೋಡೆಗೆ ಮುಖ ಮಾಡಿದ್ದವರು ಒಬ್ಬೊಬ್ಬರೇ ತಿರುಗತೊಡಗಿದರು.

ಆಗ ತಂಪಿನ ಮನೆಯ ಹಿರಿಯ ಬಂದ. ಅವನೇನು ರಾಕ್ಷಸನಂತಿರಲಿಲ್ಲ. ಸಣಕಲು ಮನುಷ್ಯ, ಮೆಲುದನಿ. ಅವನ ಅಪ್ಪನೂ ಆ ಮನೆಯ ಹಿರಿಯನಾಗಿದ್ದ.

"ಮುಚ್ಚು," ಎಂದ ಹೆಣ ತೊಳೆಯುವವಳಿಗೆ. "ಊರಿಗೆ ಕೇಡು ತರಬೇಡ."

"ಏನು ಕೇಡು, ಹಿರಿಯ? ಇಷ್ಟು ದಿನ ಆಗಿರುವುದಕ್ಕಿಂತ ಹೆಚ್ಚಿನದು ಏನು?"

ಅವನು ಅವಳಿಗೆ ಉತ್ತರ ಕೊಡದೆ ಬಡಗಿಯ ಹತ್ತಿರ ಹೋಗಿ ಕಿವಿಯಲ್ಲಿ ಏನೋ ಹೇಳಹೊರಟ. ಅವನ ಕಿವಿಮಾತು ಏನು ಎಂಬುದು ಅವಳಿಗೆ ಈಗ ಗೊತ್ತಿತ್ತು. ಅವಳು ಗಂಟಲೆತ್ತಿ ಹೇಳಿದಳು, "ನೀನೊಬ್ಬನೇ ಎಂದು ಹೇಳುತ್ತಾನೆ. ನಂಬಬೇಡ. ಇನ್ನೂರು ಜನರನ್ನು ತೊಳೆದಿದ್ದೇನೆ. ನಿನ್ನ ತಾಯಿಗೆ ಇತ್ತು. ಗಾಣಿಗನ ಅಪ್ಪನಿಗೆ ಇತ್ತು. ಈ ಬೀದಿಯಲ್ಲಿ ಸತ್ತ ಎಲ್ಲರಿಗೂ ಇತ್ತು." ಹಿರಿಯನ ಕಡೆ ತಿರುಗಿದಳು. "ನಿನ್ನ ಅಪ್ಪನನ್ನೂ ನಾನೇ ತೊಳೆದೆ. ಎಲ್ಲರಿಗಿಂತ ಹೆಚ್ಚು ಅವನಿಗಿತ್ತು."

ಹಿರಿಯನ ಕೈ ತಾನಾಗಿ ಹೆಗಲ ಮೇಲಿಂದ ಹಿಂದಕ್ಕೆ ಹೋಗಿ ಬೆನ್ಬಟ್ಟೆಯ ಮೇಲೆ ನಿಂತಿತು. "ಅಪ್ಪನಿಗೆ ಇರಲಿಲ್ಲ," ಎಂದ, ಚಿಕ್ಕ ಮಗುವಿನ ದನಿಯಲ್ಲಿ. "ನನಗೆ ಮಾತ್ರ ಎಂದು ಅಪ್ಪ ಹೇಳಿದ್ದ."

ನೇಕಾರ ಗಾಡಿಯ ನೊಗ ಕೆಳಗಿಟ್ಟ. ತಾನೇ ನೇಯ್ದ ಬಟ್ಟೆಯ ಏಳು ಗಂಟುಗಳನ್ನು ಒಂದೊಂದಾಗಿ ಬಿಚ್ಚಿದ. ಬೀದಿಗೆ ಬೆನ್ನು ತಿರುಗಿಸಿ ನಿಂತು, ಹಿಂದೆ ನೋಡದೆ ಹೇಳಿದ, "ಇದು ನನ್ನದು. ನನಗೆ ಹೊಡೆದವರು ನನ್ನ ಎಡಗಡೆ ಮನೆಯವರು. ನಾನು ಹೊಡೆದದ್ದು ನನ್ನ ಹೆಂಡತಿಗೆ. ದೂರದ ಊರಿನವರು ಯಾರೂ ಇರಲಿಲ್ಲ."

ಆ ಮಾತು ಬೀದಿಯಲ್ಲಿ ನಿಧಾನವಾಗಿ ಹರಡಿತು. ಜನ ತಮ್ಮ ಸರದಿಯ ಮರುದಿನ ಯಾರ ಸರದಿ ಎಂದು ನೆನೆಸಿಕೊಂಡರು. ಬಡಗಿ ತಮ್ಮನನ್ನು ನೋಡಿದ. ಒಬ್ಬ ತಾಯಿ ತನ್ನ ದೊಡ್ಡ ಮಗಳನ್ನು ನೋಡಿದಳು, ನೋಡಿ ಕೈಯನ್ನು ಸೀರೆಯೊಳಗೆ ಮುಚ್ಚಿಟ್ಟುಕೊಂಡಳು. ಗಾಣಿಗನ ಮನೆಯ ಜಗಲಿಯಲ್ಲಿ ಸಾಲಾಗಿ ಕೂತಿದ್ದ ಆರು ಜನ ಒಬ್ಬರಿಂದ ಒಬ್ಬರು ಸರಿದು ಕೂತರು. ಆ ಸಂಜೆ ಆ ಊರಿನಲ್ಲಿ ಯಾರೂ ಯಾರನ್ನೂ ಮುಟ್ಟಲಿಲ್ಲ.

ಮುದುಕಿಯನ್ನು ಮಣ್ಣು ಮಾಡಿದ ಮೇಲೆ ಮಗಳು ತಂಪಿನ ಮನೆಯ ಬಾಗಿಲಿಗೆ ಬಂದು ನೋಡಿದಳು. ಒಳಗೆ ಹೋಗಲಿಲ್ಲ.

"ಇದನ್ನು ಸುಟ್ಟುಬಿಡೋಣವೆ?" ಎಂದ ನೇಕಾರ.

"ನಾವು ಸುಟ್ಟೆವು. ಹತ್ತು ವರ್ಷದ ಮೇಲೆ ಬೇರೆ ಬೀದಿಯಲ್ಲಿ ಬೇರೆ ಹೆಸರಿನಲ್ಲಿ ಕಟ್ಟಿದ್ದರು. ಆಮೇಲೆ ನಾವು ಸುಡುವುದು ಬಿಟ್ಟೆವು. ಬಾಗಿಲಲ್ಲಿ ಕೂರುತ್ತೇವೆ. ದಿನಕ್ಕೊಬ್ಬರು. ಒಳಗೆ ಹೋಗುವವರನ್ನು ಯಾಕೆ ಎಂದು ಕೇಳುತ್ತೇವೆ. ಕಳಿಸುವವರನ್ನೂ ಯಾಕೆ ಎಂದು ಕೇಳುತ್ತೇವೆ."

"ಎಷ್ಟು ದಿನ ಕೂರಬೇಕು?" ಎಂದಳು ಹೆಣ ತೊಳೆಯುವವಳು.

"ನನ್ನ ಊರಿನಲ್ಲಿ ಇನ್ನೂ ಕೂರುತ್ತಿದ್ದೇವೆ. ಬರುವ ಹುಣ್ಣಿಮೆಗೆ ನನ್ನ ಪಾಳಿ. ನಾನು ಹೊರಡಬೇಕು." ಅವಳು ಅಲ್ಲಿಂದಲೇ ಹೊಳೆಯ ಕಡೆ ನಡೆದಳು.

ಮೊದಲ ದಿನ ನೇಕಾರ ಕೂತ. ಎರಡನೆಯ ದಿನ ಬಡಗಿ. ಊರಿನ ಅರ್ಧ ಜನ ಅವರನ್ನು ಕಂಡು ಉಗುಳಿದರು. ಇವರು ಬಂದು ನಮ್ಮ ಸಂಸಾರ ಒಡೆದರು ಎಂದರು. ಹಿರಿಯ ಕದ ಹಾಕಿಕೊಂಡು ಒಳಗೇ ಇದ್ದ. ಮೂರನೆಯ ದಿನ ಬೆಳಗ್ಗೆ ಹೆಣ ತೊಳೆಯುವವಳು ಬಾಗಿಲ ಮುಂದಿನ ಮೆಟ್ಟಿಲುಕಲ್ಲಿನ ಮೇಲೆ ಕೂತಳು. ಬಿಸಿಲೇರುವ ಹೊತ್ತಿಗೆ ಕುಂಬಾರಗಿತ್ತಿ ಬಂದಳು. ಸ್ನಾನ ಮಾಡಿ, ಬೆನ್ಬಟ್ಟೆಯ ಗಂಟು ಬಿಗಿದುಕೊಂಡು ಬಂದಿದ್ದಳು.

"ಇವತ್ತು ನನ್ನ ಸರದಿ. ದಾರಿ ಬಿಡು."

"ಯಾಕೆ ಹೋಗುತ್ತೀಯ?"

"ನಿನಗೇನು ಗೊತ್ತು? ನಿನ್ನನ್ನು ಅಲ್ಲಿಗೆ ಎಂದೂ ಕರೆದಿಲ್ಲ, ನಿನ್ನ ಬೆನ್ನು ನುಣುಪಾಗಿದೆ." ಕುಂಬಾರಗಿತ್ತಿ ಮೆಟ್ಟಿಲುಕಲ್ಲಿನ ಹತ್ತಿರ ಬಂದಳು. "ಹೋದ ಬೇಸಗೆಯಲ್ಲಿ ನನ್ನ ಮಗಳು ಸತ್ತಳು. ನನ್ನ ತಪ್ಪಿನಿಂದ ಸತ್ತಳು ಎಂದು ಹಿರಿಯ ಹೇಳಿದ. ಈ ವರ್ಷದ ಏಟನ್ನೂ ಪಡೆದರೆ ತೀರಿತು, ಮಗುವಿಗೆ ಒಳ್ಳೆಯದಾಗುತ್ತದೆ ಎಂದ. ನೀನು ಇಲ್ಲಿ ಕೂತು ಅದನ್ನೂ ಕಿತ್ತುಕೊಳ್ಳುತ್ತೀಯ?"

ಹೆಣ ತೊಳೆಯುವವಳಿಗೆ ಏಳಬೇಕೋ ಕೂರಬೇಕೋ ತಿಳಿಯಲಿಲ್ಲ. ಅವಳ ಬೆನ್ನು ನುಣುಪಾಗಿತ್ತು, ಅದು ನಿಜ.

"ನಿನ್ನ ಮಗಳನ್ನು ನಾನು ತೊಳೆದೆ," ಎಂದಳು ಕೊನೆಗೆ. "ಅವಳಿಗೆ ಭೇದಿ ಹತ್ತಿತ್ತು, ಮೈಯೆಲ್ಲ ಒಣಗಿತ್ತು. ಆ ವಾರ ಅವಳೂ ಸೇರಿ ಅದೇ ಭೇದಿಯಿಂದ ಸತ್ತ ಮೂರು ಮಕ್ಕಳನ್ನು ನನ್ನ ಹತ್ತಿರ ತಂದಿದ್ದರು. ಮೂವರ ಮನೆಗೂ ಒಂದೇ ಬಾವಿಯ ನೀರು."

"ಮೂರು ಮಕ್ಕಳೆ?"

"ಮೂರು."

ಕುಂಬಾರಗಿತ್ತಿ ಬಾಗಿಲ ಕಡೆ ನೋಡಿದಳು, ಬಾವಿಯ ಕಡೆ ನೋಡಿದಳು. "ಉಳಿದ ಇಬ್ಬರ ತಾಯಂದಿರಿಗೆ ಅವನು ಏನು ಹೇಳಿದ?"

"ನನಗೆ ಗೊತ್ತಿಲ್ಲ. ನನ್ನನ್ನು ಅವರು ಒಳಗೆ ಕರೆದವರಲ್ಲ. ಆ ತಾಯಂದಿರಲ್ಲಿ ಒಬ್ಬಳು ಎದುರಿನ ಸಾಲಿನವಳು, ಇನ್ನೊಬ್ಬಳು ಮೂಲೆಯ ಮನೆಯವಳು, ಅವರನ್ನೇ ಕೇಳು."

ಕುಂಬಾರಗಿತ್ತಿ ಬೀದಿ ದಾಟಿ ಎದುರಿನ ಸಾಲಿನ ಮೂರನೆಯ ಮನೆಯ ಕದ ತಟ್ಟಿದಳು. ಕದ ತೆರೆದ ಹೆಂಗಸು ಹೊಸ್ತಿಲಲ್ಲಿ ನಿಂತು ಅವಳ ಮಾತು ಕೇಳಿದಳು. ಏನು ಮಾತಾಯಿತೋ ಮೆಟ್ಟಿಲುಕಲ್ಲಿನವರೆಗೆ ಕೇಳಿಸಲಿಲ್ಲ. ಆ ಹೆಂಗಸು ಕೈಯಿಂದ ಬಾಯಿ ಮುಚ್ಚಿಕೊಂಡದ್ದು ಮಾತ್ರ ಕಾಣಿಸಿತು. ಇಬ್ಬರೂ ಜಗಲಿ ಇಳಿದು, ಮೂಲೆಯ ಮನೆಯ ಕಡೆ ಹೋಗಿ ಅಲ್ಲಿಯ ಕದವನ್ನೂ ತಟ್ಟಿದರು.

ಮೂವರೂ ಒಟ್ಟಾಗಿ ಈ ಕಡೆ ಬರುವುದನ್ನು ಕಂಡು ಹೆಣ ತೊಳೆಯುವವಳು ಅವರಿಗೂ ಕೂರಲು ಜಾಗ ಬಿಟ್ಟು ಕಲ್ಲಿನ ಅಂಚಿಗೆ ಸರಿದು ಕೂತಳು.